ಗೇಮ್ ತೆರೆದರೆ ಬರೀ ಕಪ್ಪು ಸ್ಕ್ರೀನ್: ಯಾವುದು ಮೊದಲು, ಯಾವುದು ಕೊನೆಗೆ

ಗೇಮ್ ಮೇಲೆ ಕ್ಲಿಕ್ ಮಾಡುತ್ತೀರಿ. ಸ್ಕ್ರೀನ್ ಕಪ್ಪಾಗುತ್ತದೆ. ಅಲ್ಲಿಗೇ ನಿಲ್ಲುತ್ತದೆ. ಆಮೇಲೆ ಬಹುತೇಕರು ಮಾಡುವುದು ಒಂದೇ ಕೆಲಸ: ಗೇಮ್ ಅಳಿಸಿ ಮತ್ತೆ ಡೌನ್‌ಲೋಡ್ ಮಾಡುವುದು. 80 ಜಿಬಿ, 100 ಜಿಬಿ ಇಳಿಯಲಿ ಎಂದು ರಾತ್ರಿಯಿಡೀ ಕಾದು, ಬೆಳಿಗ್ಗೆ ತೆರೆದರೆ ಅದೇ ಕಪ್ಪು. ಇನ್ನು ಕೆಲವರು ಸೀದಾ ವಿಂಡೋಸನ್ನೇ ಹೊಸದಾಗಿ ಹಾಕಿಸುತ್ತಾರೆ. ಇವೆರಡೂ ಕೊನೆಗೆ ಬರಬೇಕಾದ ಕೆಲಸಗಳು. ಹೆಚ್ಚಿನ ಸಲ ಇವುಗಳ ಅಗತ್ಯವೇ ಬೀಳುವುದಿಲ್ಲ.

ಮಣಿಪಾಲ, ಸುರತ್ಕಲ್ ಕಡೆಯ ಹಾಸ್ಟೆಲ್ ಹುಡುಗರಾಗಲಿ, ಮನೆಯಲ್ಲಿ ಮಕ್ಕಳ ಪಿಸಿ ನೋಡಿಕೊಳ್ಳುವ ಅಪ್ಪ ಅಮ್ಮಂದಿರಾಗಲಿ, ಎಡವುವುದು ಒಂದೇ ಕಡೆ. ಕಪ್ಪು ಯಾವ ಬಗೆಯದು ಎಂದು ನೋಡದೆ ಸಿಕ್ಕಿದ್ದನ್ನೆಲ್ಲ ಮಾಡಿಬಿಡುತ್ತಾರೆ. ಹಾಗಾಗಿ ಇಲ್ಲಿ ಹಂತ 1ಕ್ಕೇ ಜಾಸ್ತಿ ಜಾಗ ಕೊಟ್ಟಿದ್ದೇನೆ. ಅದನ್ನು ಹಾರಿಸಿ ಮುಂದೆ ಹೋಗಬೇಡಿ.

ಎಲ್ಲವೂ ವಿಂಡೋಸ್ 10 ಮತ್ತು 11ಕ್ಕೆ ಹೊಂದುತ್ತವೆ. ಮೆನುಗಳ ಹೆಸರು ಸ್ವಲ್ಪ ಆಚೀಚೆ ಇರಬಹುದು.

## ಶುರು ಮಾಡುವ ಮೊದಲು

ಒಂದು ಪೆನ್ನು, ಒಂದು ಚೀಟಿ ಇಟ್ಟುಕೊಳ್ಳಿ. ಒಂದು ಸಲಕ್ಕೆ ಒಂದೇ ಬದಲಾವಣೆ ಮಾಡಿ, ಗೇಮ್ ತೆರೆದು ನೋಡಿ, ಏನಾಯಿತು ಎಂದು ಬರೆಯಿರಿ. ಒಟ್ಟಿಗೇ ಐದು ಸೆಟ್ಟಿಂಗ್ ಬದಲಿಸಿದರೆ ಯಾವುದು ಕೆಲಸ ಮಾಡಿತು, ಯಾವುದು ಹೊಸ ತೊಂದರೆ ತಂದಿತು ಎಂದು ಗೊತ್ತಾಗುವುದಿಲ್ಲ.

ಇನ್ನೊಂದು ಎಚ್‌ಡಿಎಂಐ ಅಥವಾ ಡಿಸ್‌ಪ್ಲೇ ಪೋರ್ಟ್ ಕೇಬಲ್ ಕೈಯಲ್ಲಿರಲಿ. ಪಕ್ಕದ ಮನೆಯಿಂದ ತಂದರೂ ಆಯಿತು. ಮೊಬೈಲ್ ಹಾಟ್‌ಸ್ಪಾಟ್ ಕೂಡ ಒಂದು ಕಡೆ ಬೇಕಾಗುತ್ತದೆ.

ಲ್ಯಾಪ್‌ಟಾಪ್ ಆದರೆ ಬಿಟ್‌ಲಾಕರ್ ರಿಕವರಿ ಕೀ ಎಲ್ಲಿದೆ ಎಂದು ಈಗಲೇ ನೋಡಿಕೊಳ್ಳಿ. ಹೊಸ ಲ್ಯಾಪ್‌ಟಾಪ್‌ಗಳಲ್ಲಿ ಡ್ರೈವ್ ತಾನಾಗಿಯೇ ಲಾಕ್ ಆಗಿರುವುದುಂಟು. ಸೇಫ್ ಮೋಡ್‌ಗೆ (ತೀರಾ ಅಗತ್ಯದ್ದಷ್ಟೇ ಇಟ್ಟುಕೊಂಡು ತೆರೆಯುವ ವಿಂಡೋಸ್) ಹೋಗುವಾಗ ಅದು 48 ಅಂಕಿಯ ಕೀ ಕೇಳಬಹುದು. ಸಾಮಾನ್ಯವಾಗಿ ಅದು ನಿಮ್ಮ ಮೈಕ್ರೋಸಾಫ್ಟ್ ಖಾತೆಯಲ್ಲಿ ಸೇವ್ ಆಗಿರುತ್ತದೆ. ಮೊಬೈಲ್‌ನಿಂದ ಲಾಗಿನ್ ಆಗಿ ಬರೆದಿಟ್ಟುಕೊಳ್ಳಿ. ಖಾತೆ ತೆರೆದುಕೊಟ್ಟದ್ದು ಅಂಗಡಿಯವರಾದರೆ ಪಾಸ್‌ವರ್ಡ್ ಯಾರ ಹತ್ತಿರ ಇದೆ ಎಂದು ಮೊದಲು ಪತ್ತೆ ಮಾಡಿ.

ಗೇಮ್ ಸ್ಟೀಮ್ ಎಂಬ ಆನ್‌ಲೈನ್ ಅಂಗಡಿಯಲ್ಲಿ ಹೊಸದಾಗಿ ಕೊಂಡದ್ದಾದರೆ ಗಡಿಯಾರದ ಮೇಲೂ ಕಣ್ಣಿರಲಿ. ಕೊಂಡ 14 ದಿನದೊಳಗೆ, ಆಡಿದ ಹೊತ್ತು 2 ಗಂಟೆ ದಾಟದಿದ್ದರೆ ದುಡ್ಡು ವಾಪಸ್ ಕೇಳಬಹುದು. ಆದರೆ ಕಪ್ಪು ಸ್ಕ್ರೀನ್ ಮುಂದೆ ಕೂತ ಹೊತ್ತೂ ಆಡಿದ ಲೆಕ್ಕಕ್ಕೇ ಸೇರುತ್ತದೆ. ಗೇಮ್ ಹಿಂದೆ ಓಡುತ್ತಲೇ ಇರುತ್ತದಲ್ಲ. ಹಾಗಾಗಿ ಒಂದೊಂದು ಪ್ರಯತ್ನದ ನಂತರ ಅದನ್ನು ಪೂರ್ತಿ ಮುಚ್ಚಿ.

ಕ್ರ್ಯಾಕ್ ಮಾಡಿದ ಗೇಮ್ ಆದರೆ ಇಲ್ಲಿಗೇ ನಿಲ್ಲಿಸಿ ಮಾರಾಯ್ರೆ. ಅದರಲ್ಲಿ ಯಾವ ಫೈಲ್ ಬದಲಾಗಿದೆ, ಆ್ಯಂಟಿವೈರಸ್ ಯಾವುದನ್ನು ಎತ್ತಿ ಹಾಕಿದೆ ಎಂದು ಯಾರೂ ಹೇಳಲಾರರು.

## ಹಂತ 1: ಯಾವ ಬಗೆಯ ಕಪ್ಪು?

ಗೇಮ್ ತೆರೆಯಿರಿ. ಕಪ್ಪಾದ ಮೇಲೆ ಏನನ್ನೂ ಒತ್ತದೆ ಒಂದು ನಿಮಿಷ ಸುಮ್ನೆ ಕೂತು ನೋಡಿ, ಕೇಳಿ. ಆಮೇಲೆ ಕೀಬೋರ್ಡಿನ ಕ್ಯಾಪ್ಸ್ ಲಾಕ್ ಒತ್ತಿ. ಅದರ ದೀಪ ಹತ್ತಿ ಆರುತ್ತಿದ್ದರೆ ವಿಂಡೋಸ್ ಜೀವಂತ ಇದೆ, ತೊಂದರೆ ಗೇಮ್ ಅಥವಾ ಡಿಸ್‌ಪ್ಲೇ ಕಡೆ. ದೀಪ ಅಲುಗಾಡದಿದ್ದರೆ ಇಡೀ ಪಿಸಿ ಹೆಪ್ಪುಗಟ್ಟಿದೆ, ಡ್ರೈವರ್ (ಚಿತ್ರ ಮೂಡಿಸುವ ಗ್ರಾಫಿಕ್ಸ್ ಕಾರ್ಡನ್ನು ನಡೆಸುವ ಸಾಫ್ಟ್‌ವೇರ್) ಅಥವಾ ಹಾರ್ಡ್‌ವೇರ್ ಕಡೆ ಅನುಮಾನ ಪಡಬೇಕು.

ನೀವು ಕಾಣುವುದು ಸಾಧಾರಣವಾಗಿ ಈ ಐದರಲ್ಲಿ ಒಂದು.

ಕಪ್ಪು, ಆದರೆ ಶಬ್ದ ಇದೆ. ಸಂಗೀತ ಕೇಳುತ್ತದೆ, ಬಾಣದ ಕೀ ಒತ್ತಿದರೆ ಮೆನು ಸರಿಯುವ ಟಿಕ್ ಟಿಕ್ ಕೂಡ ಬರುತ್ತದೆ. ಇದು ಒಳ್ಳೆಯ ಸುದ್ದಿ. ಗೇಮ್ ಚೆನ್ನಾಗಿಯೇ ಓಡುತ್ತಿದೆ, ಚಿತ್ರ ಮಾತ್ರ ನಿಮ್ಮ ಸ್ಕ್ರೀನಿಗೆ ತಲುಪುತ್ತಿಲ್ಲ. ಹಂತ 3 ಮತ್ತು 4ರಲ್ಲಿ ಸರಿಹೋಗುವ ಸಾಧ್ಯತೆ ಜಾಸ್ತಿ. ಇಂಥ ಗೇಮ್ ಅಳಿಸಿ ಹೊಸದಾಗಿ ಇಳಿಸುವುದು ಶುದ್ಧ ವ್ಯರ್ಥ.

ಕಪ್ಪು, ಶಬ್ದವೂ ಇಲ್ಲ, ಮೌಸ್ ಬಾಣ ಮಾತ್ರ ಕಾಣುತ್ತದೆ. ಗೇಮ್ ಶುರುವಾಗುವ ದಾರಿಯಲ್ಲಿ ಎಲ್ಲೋ ಸಿಕ್ಕಿಕೊಂಡಿದೆ. ಹಂತ 2ರಿಂದ ಹಂತ 6ರ ತನಕ ಸಾಲಾಗಿ ಹೋಗಬೇಕು.

ಕೆಲವು ಸೆಕೆಂಡ್ ಕಪ್ಪು, ನಂತರ ಡೆಸ್ಕ್‌ಟಾಪ್. ಇದು ಕ್ರ್ಯಾಶ್. ಸ್ಟಾರ್ಟ್ ಮೆನುವಿನಲ್ಲಿ ‘ರಿಲಯಬಿಲಿಟಿ’ ಎಂದು ಇಂಗ್ಲಿಷ್‌ನಲ್ಲಿ ಬರೆದು ಹುಡುಕಿ. ರಿಲಯಬಿಲಿಟಿ ಹಿಸ್ಟರಿ ತೆರೆಯುತ್ತದೆ. ಇವತ್ತಿನ ದಿನದ ಕೆಳಗೆ ಕೆಂಪು ಗುರುತು ಇದ್ದರೆ ಕ್ಲಿಕ್ ಮಾಡಿ, ಯಾವ ಫೈಲ್ ಹೆಸರು ಇದೆ ಎಂದು ಬರೆದುಕೊಳ್ಳಿ. ಮುಂದೆ ಹಂತ 6.

ಸ್ಕ್ರೀನ್ ಪೂರ್ತಿ ಆರಿ, ಮಾನಿಟರ್ ‘ನೋ ಸಿಗ್ನಲ್’ ಎನ್ನುತ್ತದೆ. ಇದರಲ್ಲೂ ಎರಡು ಬಗೆ. ಎರಡು ಮೂರು ಸೆಕೆಂಡಿನಲ್ಲಿ ಚಿತ್ರ ಮರಳಿದರೆ ಡ್ರೈವರ್ ಬಿದ್ದು ಎದ್ದಿದೆ. ಗ್ರಾಫಿಕ್ಸ್ ಕಾರ್ಡ್ 2 ಸೆಕೆಂಡ್ ಉತ್ತರ ಕೊಡದಿದ್ದರೆ ವಿಂಡೋಸ್ ತಾನೇ ಡ್ರೈವರನ್ನು ಮತ್ತೆ ಶುರು ಮಾಡುತ್ತದೆ. ಈವೆಂಟ್ ವ್ಯೂವರ್‌ನ (ವಿಂಡೋಸ್ ತಾನೇ ಬರೆದಿಡುವ ದಿನಚರಿ, ಸ್ಟಾರ್ಟ್ ಮೆನುವಿನಲ್ಲಿ ಹುಡುಕಿದರೆ ಸಿಗುತ್ತದೆ) ಸಿಸ್ಟಮ್ ಭಾಗದಲ್ಲಿ 4101 ಎಂಬ ಸಂಖ್ಯೆ, ಅಥವಾ ರಿಲಯಬಿಲಿಟಿ ಹಿಸ್ಟರಿಯಲ್ಲಿ ‘ಲೈವ್ ಕರ್ನಲ್ ಈವೆಂಟ್ 141’ ಕಂಡರೆ ಇದೇ ಕಥೆ, ಹಂತ 7ಕ್ಕೆ ಹೋಗಿ. ಚಿತ್ರ ಮರಳದೆ ಕಾರ್ಡಿನ ಫ್ಯಾನ್ ಗಾಳಿಗಿರಣಿ ಥರ ಜೋರಾಗಿ ತಿರುಗತೊಡಗಿದರೆ ಹಂತ 9.

ಪಿಸಿಯೇ ಆರಿ ರೀಸ್ಟಾರ್ಟ್ ಆಗುತ್ತದೆ. ಈವೆಂಟ್ ವ್ಯೂವರ್‌ನಲ್ಲಿ ‘ಕರ್ನಲ್ ಪವರ್ 41’ ಸಿಗುತ್ತದೆ. ಅದರ ಅರ್ಥ ಪಿಸಿ ಸರಿಯಾಗಿ ಶಟ್‌ಡೌನ್ ಆಗದೆ ನಿಂತಿತು ಎಂದಷ್ಟೇ. ಗೇಮ್ ಶುರುವಾದಾಗಲೆಲ್ಲ ಹೀಗಾದರೆ ಪವರ್ ಸಪ್ಲೈ ಮೇಲೆ ಮೊದಲ ಅನುಮಾನ. ಸೀದಾ ಹಂತ 9. ಸೆಟ್ಟಿಂಗ್ ಬದಲಿಸುತ್ತಾ ಹತ್ತಾರು ಸಲ ಹೀಗೆ ಆರಿಸಿಕೊಳ್ಳಬೇಡಿ, ಡಿಸ್ಕಿನಲ್ಲಿರುವ ಫೈಲುಗಳೂ ಕೆಡಬಹುದು.

ಗೇಮ್ ಸ್ಕ್ರೀನ್ ಹಿಡಿದುಕೊಂಡು ಹೊರಬರಲು ಬಿಡದಿದ್ದರೆ ಪವರ್ ಬಟನ್ ಒತ್ತಿಹಿಡಿಯಬೇಡಿ. ವಿಂಡೋಸ್ ಕೀ, ಕಂಟ್ರೋಲ್, ಡಿ ಮೂರನ್ನೂ ಒಟ್ಟಿಗೆ ಒತ್ತಿ. ಹೊಸ ಖಾಲಿ ಡೆಸ್ಕ್‌ಟಾಪ್ ತೆರೆಯುತ್ತದೆ. ಅಲ್ಲಿ ಕಂಟ್ರೋಲ್, ಶಿಫ್ಟ್, ಎಸ್ಕೇಪ್ ಒತ್ತಿದರೆ ಟಾಸ್ಕ್ ಮ್ಯಾನೇಜರ್ ಬರುತ್ತದೆ. ಗೇಮನ್ನು ಅಲ್ಲಿಂದ ಮುಚ್ಚಿ. ಇದೊಂದು ಕಲಿತರೆ ಮುಂದಿನ ಎಲ್ಲ ಹಂತ ಸಲೀಸು.

## ಹಂತ 2: ಕಾಯಬೇಕಾದಲ್ಲಿ ಕಾಯಿರಿ

ಮೊದಲ ಸಲ ತೆರೆದಾಗ, ಅಥವಾ ಡ್ರೈವರ್ ಇಲ್ಲವೇ ಗೇಮ್ ಅಪ್‌ಡೇಟ್ ಆದ ನಂತರ, ಎಷ್ಟೋ ಹೊಸ ಗೇಮ್‌ಗಳು ಶೇಡರ್‌ಗಳನ್ನು (ಬೆಳಕು, ಬಣ್ಣ ಹೇಗೆ ಮೂಡಬೇಕು ಎಂದು ಹೇಳುವ ಸಣ್ಣ ಪ್ರೋಗ್ರಾಂಗಳು) ನಿಮ್ಮ ಕಾರ್ಡಿಗೆ ತಕ್ಕಂತೆ ತಯಾರು ಮಾಡಿಕೊಳ್ಳುತ್ತವೆ. ಒಳ್ಳೆಯ ಗೇಮ್ ಆದರೆ ಶೇಕಡಾ ಎಷ್ಟಾಯಿತು ಎಂದು ತೋರಿಸುತ್ತದೆ. ಕೆಲವು ಏನೂ ಹೇಳದೆ ಕಪ್ಪಗೆ ಕೂತಿರುತ್ತವೆ.

ಟಾಸ್ಕ್ ಮ್ಯಾನೇಜರ್‌ನಲ್ಲಿ ಗೇಮಿನ ಸಾಲು ನೋಡಿ. ಸಿಪಿಯು ಜಾಸ್ತಿ ಓಡುತ್ತಿದೆ, ಅಥವಾ ಡಿಸ್ಕ್ ಸಂಖ್ಯೆ ಬದಲಾಗುತ್ತಿದೆ ಎಂದರೆ ಕೆಲಸ ನಡೆಯುತ್ತಿದೆ. ಹಳೆಯ ಹಾರ್ಡ್ ಡಿಸ್ಕ್ ಇದ್ದರೆ ಹತ್ತು ಹದಿನೈದು ನಿಮಿಷ ಬಿಡಿ. ಎರಡೂ ಸೊನ್ನೆ ಹತ್ತಿರ ನಿಂತು ಐದು ನಿಮಿಷ ಕಳೆದರೆ ಕಾದು ಪ್ರಯೋಜನ ಇಲ್ಲ.

ಕಾಯದೆ ನಡುವೆ ಮುಚ್ಚಿ ಮುಚ್ಚಿ ತೆರೆಯುವುದು ದೊಡ್ಡ ತಪ್ಪು. ಪ್ರತಿ ಸಲ ಅದು ಅರ್ಧ ಕೆಲಸ ಮಾಡಿ ಮತ್ತೆ ಮೊದಲಿನಿಂದ ಶುರು ಮಾಡಬಹುದು.

## ಹಂತ 3: ಚಿತ್ರ ಬೇರೆ ಕಡೆ ಹೋಗಿದೆಯಾ?

ಶಬ್ದ ಇರುವ ಕಪ್ಪಿಗೆ ಇದೇ ಮೊದಲ ಮದ್ದು. ಈ ಕ್ರಮದಲ್ಲಿ ಮಾಡಿ.

1. ಆಲ್ಟ್ ಮತ್ತು ಎಂಟರ್ ಒಟ್ಟಿಗೆ ಒತ್ತಿ. ಎಷ್ಟೋ ಗೇಮ್ ಫುಲ್‌ಸ್ಕ್ರೀನ್‌ನಿಂದ ಸಣ್ಣ ಕಿಟಕಿಗೆ ಬರುತ್ತವೆ. ಕಿಟಕಿಯಲ್ಲಿ ಚಿತ್ರ ಬಂತೆಂದರೆ ಗೇಮಿನ ಒಳಗೇ ಡಿಸ್‌ಪ್ಲೇ ಸೆಟ್ಟಿಂಗ್‌ಗೆ ಹೋಗಿ ‘ಬಾರ್ಡರ್‌ಲೆಸ್’ ಆಯ್ಕೆ ಮಾಡಿ ಉಳಿಸಿ.

2. ಬಾರದಿದ್ದರೆ ಆಲ್ಟ್ ಟ್ಯಾಬ್ ಒತ್ತಿ ಹೊರಗೆ ಹೋಗಿ, ಐದು ಸೆಕೆಂಡ್ ಬಿಟ್ಟು ಮತ್ತೆ ಒಳಗೆ ಬನ್ನಿ.

3. ವಿಂಡೋಸ್ ಕೀ, ಶಿಫ್ಟ್, ಎಡಬಾಣ ಒತ್ತಿ. ಗೇಮ್ ಬೇರೆ ಮಾನಿಟರ್‌ನಲ್ಲಿ ತೆರೆದಿದ್ದರೆ ಈ ಕಡೆಗೆ ಬರುತ್ತದೆ.

4. ವಿಂಡೋಸ್ ಕೀ ಮತ್ತು ಪಿ ಒತ್ತಿ ‘ಪಿಸಿ ಸ್ಕ್ರೀನ್ ಓನ್ಲಿ’ ಆಯ್ಕೆ ಮಾಡಿ. ಗೇಮ್ ಮುಚ್ಚಿ ಮತ್ತೆ ತೆರೆಯಿರಿ.

5. ವಿಂಡೋಸ್ ಕೀ, ಕಂಟ್ರೋಲ್, ಶಿಫ್ಟ್, ಬಿ ನಾಲ್ಕನ್ನೂ ಒಟ್ಟಿಗೆ ಒತ್ತಿ. ಒಂದು ಬೀಪ್ ಬಂದು ಸ್ಕ್ರೀನ್ ಮಿನುಗುತ್ತದೆ. ಗ್ರಾಫಿಕ್ಸ್ ಡ್ರೈವರ್ ಮರುಶುರುವಾಗುತ್ತದೆ. ಕೆಲವು ಗೇಮ್ ಇದಕ್ಕೇ ಬಿದ್ದುಹೋಗಬಹುದು, ಗಾಬರಿ ಬೇಡ.

ರಜೆಯಲ್ಲಿ ಈ ತೊಂದರೆ ಜಾಸ್ತಿ. ಹಾಸ್ಟೆಲ್‌ನಲ್ಲಿ 144 ಹರ್ಟ್ಸ್ ಮಾನಿಟರಿಗೆ ಹಾಕಿ ಆಡಿದ ಲ್ಯಾಪ್‌ಟಾಪನ್ನು ಕುಂದಾಪುರದ ಮನೆಗೆ ತಂದು ಹಾಲ್‌ನ ಟಿವಿಗೆ ಜೋಡಿಸುತ್ತಾರೆ. ಗೇಮ್ ಹಳೆಯ ಮಾನಿಟರಿನ ರೆಸಲ್ಯೂಶನ್, ರಿಫ್ರೆಶ್ ರೇಟ್ ಎರಡನ್ನೂ ನೆನಪಿಟ್ಟುಕೊಂಡಿರುತ್ತದೆ. 60 ಹರ್ಟ್ಸ್ ಟಿವಿಗೆ ಅದು ಹಿಡಿಸುವುದಿಲ್ಲ. ‘ಔಟ್ ಆಫ್ ರೇಂಜ್’ ಎಂದು ಬಂದರೆ ಅನುಮಾನವೇ ಬೇಡ. ಟಿವಿ ಕೇಬಲ್ ಕಳಚಿ, ಲ್ಯಾಪ್‌ಟಾಪಿನ ಸ್ವಂತ ಸ್ಕ್ರೀನಿನಲ್ಲಿ ಗೇಮ್ ತೆರೆದು, ಸೆಟ್ಟಿಂಗ್ ಬದಲಿಸಿ, ಮತ್ತೆ ಟಿವಿಗೆ ಹಾಕಿ. ಎಚ್‌ಡಿಆರ್ (ಬೆಳಕು, ಬಣ್ಣ ಹೆಚ್ಚಾಗಿ ತೋರಿಸುವ ಸೆಟ್ಟಿಂಗ್) ಆನ್ ಇದ್ದರೆ ಅದನ್ನೂ ಆಫ್ ಮಾಡಿ ನೋಡಿ.

ಯಾವುದೂ ಆಗದಿದ್ದರೆ ಗೇಮನ್ನು ಒತ್ತಾಯದಿಂದ ಕಿಟಕಿಯಲ್ಲೇ ತೆರೆಯಬಹುದು. ಸ್ಟೀಮ್ ಲೈಬ್ರರಿಯಲ್ಲಿ ಗೇಮಿನ ಮೇಲೆ ರೈಟ್ ಕ್ಲಿಕ್ ಮಾಡಿ ಪ್ರಾಪರ್ಟೀಸ್ ತೆರೆಯಿರಿ. ಜನರಲ್ ಭಾಗದ ಲಾಂಚ್ ಆಪ್ಷನ್ಸ್ ಜಾಗದಲ್ಲಿ ಒಂದು ಹೈಫನ್, ಅದಕ್ಕೆ ತಾಗಿದಂತೆ ‘ವಿಂಡೋಡ್’ ಎಂದು ಇಂಗ್ಲಿಷ್ ಸಣ್ಣಕ್ಷರದಲ್ಲಿ ಬರೆಯಿರಿ. ಮಧ್ಯೆ ಸ್ಪೇಸ್ ಬಿಡಬಾರದು. ಅದೇ ರೀತಿ ಹೈಫನ್ ಹಾಕಿ ‘ಡಿಎಕ್ಸ್11’ ಎಂದು ಬರೆದರೆ ಕೆಲವು ಗೇಮ್ ಡೈರೆಕ್ಟ್‌ಎಕ್ಸ್ (ಗೇಮ್ ಗ್ರಾಫಿಕ್ಸ್ ಕಾರ್ಡಿನ ಜೊತೆ ಮಾತಾಡಲು ಬಳಸುವ ವಿಂಡೋಸ್ ಭಾಗ) 12 ಬಿಟ್ಟು 11ರಲ್ಲಿ ತೆರೆಯುತ್ತವೆ. ಅನ್‌ರಿಯಲ್ ಎಂಜಿನ್ ಮೇಲೆ ಮಾಡಿದ ಗೇಮ್‌ಗಳಲ್ಲಿ ಇದು ಹೆಚ್ಚಾಗಿ ನಡೆಯುತ್ತದೆ, ಎಲ್ಲದರಲ್ಲೂ ಅಲ್ಲ.

## ಹಂತ 4: ಯಾವ ಕಾರ್ಡ್ ಕೆಲಸ ಮಾಡುತ್ತಿದೆ?

ಡೆಸ್ಕ್‌ಟಾಪ್ ಆದರೆ ಪಿಸಿಯ ಹಿಂದೆ ಮೊಬೈಲ್ ಟಾರ್ಚ್ ಹಾಕಿ ನೋಡಿ. ಮಾನಿಟರ್ ಕೇಬಲ್ ಮೇಲ್ಭಾಗದಲ್ಲಿ, ಯುಎಸ್‌ಬಿ ತೂತುಗಳ ಸಾಲಿನಲ್ಲಿ ಚುಚ್ಚಿದ್ದರೆ ಅದು ಮದರ್‌ಬೋರ್ಡ್. ಗ್ರಾಫಿಕ್ಸ್ ಕಾರ್ಡಿನ ತೂತುಗಳು ಕೆಳಗೆ ಅಡ್ಡವಾಗಿ ಪ್ರತ್ಯೇಕ ಇರುತ್ತವೆ. ಕೇಬಲ್ ಅಲ್ಲಿರಬೇಕು. ಮನೆ ಗುಡಿಸಿ ಒರೆಸುವಾಗ ಪಿಸಿ ಸರಿಸಿ, ಮತ್ತೆ ತಪ್ಪು ಕಡೆ ಚುಚ್ಚುವುದು ತೀರಾ ಮಾಮೂಲು.

ಲ್ಯಾಪ್‌ಟಾಪಿನಲ್ಲಿ ಕೇಬಲ್ ಪ್ರಶ್ನೆ ಇಲ್ಲ, ಆದರೆ ಎರಡು ಗ್ರಾಫಿಕ್ಸ್ ಇರುತ್ತವೆ: ಪ್ರೊಸೆಸರ್ ಜೊತೆ ಬಂದದ್ದು ಒಂದು, ಪ್ರತ್ಯೇಕ ಕಾರ್ಡ್ ಇನ್ನೊಂದು. ಟಾಸ್ಕ್ ಮ್ಯಾನೇಜರ್‌ನ ಪರ್ಫಾರ್ಮೆನ್ಸ್ ಭಾಗದಲ್ಲಿ ಜಿಪಿಯು 0, ಜಿಪಿಯು 1 ಎಂದು ಈ ಎರಡೂ ಗ್ರಾಫಿಕ್ಸ್ ಹೆಸರಿನ ಸಮೇತ ಕಾಣುತ್ತವೆ. ನಂತರ ಪ್ರೊಸೆಸಸ್ ಭಾಗದಲ್ಲಿ ‘ಜಿಪಿಯು ಎಂಜಿನ್’ ಕಾಲಂ ನೋಡಿ. ಗೇಮಿನ ಎದುರು ಯಾವ ಸಂಖ್ಯೆ ಇದೆ ಎಂದು ತಿಳಿಯುತ್ತದೆ.

ತಪ್ಪು ಕಾರ್ಡಿನಲ್ಲಿ ಓಡುತ್ತಿದ್ದರೆ ಸೆಟ್ಟಿಂಗ್ಸ್, ಸಿಸ್ಟಮ್, ಡಿಸ್‌ಪ್ಲೇ, ಗ್ರಾಫಿಕ್ಸ್ ಹೀಗೆ ಹೋಗಿ. ಗೇಮಿನ ಎಕ್ಸಿಕ್ಯೂಟಬಲ್ ಫೈಲನ್ನು ಸೇರಿಸಿ, ‘ಹೈ ಪರ್ಫಾರ್ಮೆನ್ಸ್’ ಕೊಡಿ. ಇಲ್ಲಿ ಎಡವುವುದು ಹೇಗೆ ಗೊತ್ತಾ? ಸ್ಟೀಮನ್ನೋ ಲಾಂಚರನ್ನೋ ಸೇರಿಸಿ, ಆಯಿತು ಎಂದುಕೊಳ್ಳುತ್ತಾರೆ. ನಿಜವಾದ ಗೇಮ್ ಫೈಲ್ ಒಳಗಿನ ಫೋಲ್ಡರಿನಲ್ಲಿರುತ್ತದೆ. ಗೇಮ್ ಓಡುತ್ತಿರುವಾಗ ಟಾಸ್ಕ್ ಮ್ಯಾನೇಜರ್‌ನಲ್ಲಿ ಅದರ ಮೇಲೆ ರೈಟ್ ಕ್ಲಿಕ್ ಮಾಡಿ ‘ಓಪನ್ ಫೈಲ್ ಲೊಕೇಶನ್’ ಒತ್ತಿದರೆ ಸರಿಯಾದ ಫೈಲೇ ಸಿಗುತ್ತದೆ.

## ಹಂತ 5: ಮೇಲೆ ಕೂತ ಸಾಫ್ಟ್‌ವೇರ್ ಮತ್ತು ನೆಟ್

ಎಫ್‌ಪಿಎಸ್ (ಸೆಕೆಂಡಿಗೆ ಎಷ್ಟು ಚಿತ್ರ) ತೋರಿಸುವುದು, ರೆಕಾರ್ಡ್ ಮಾಡುವುದು, ಚಾಟ್ ತೋರಿಸುವುದು ಎಲ್ಲ ಗೇಮಿನ ಚಿತ್ರದ ಮೇಲೆ ತಮ್ಮದನ್ನೂ ಬರೆಯುತ್ತವೆ. ಸ್ಟೀಮ್ ಓವರ್‌ಲೇ, ಡಿಸ್ಕಾರ್ಡ್ ಓವರ್‌ಲೇ, ಎನ್‌ವಿಡಿಯಾ ಓವರ್‌ಲೇ, ಎಕ್ಸ್‌ಬಾಕ್ಸ್ ಗೇಮ್ ಬಾರ್, ರಿವಾಟ್ಯೂನರ್ ಎಲ್ಲವನ್ನೂ ಒಮ್ಮೆ ಆಫ್ ಮಾಡಿ ಗೇಮ್ ತೆರೆಯಿರಿ. ಒಂದು ಸಲಕ್ಕೆ ಒಂದೇ ಬದಲಾವಣೆ ಎಂಬ ಮಾತಿಗೆ ಇದೊಂದೇ ವಿನಾಯಿತಿ. ಗೇಮ್ ತೆರೆದರೆ ಒಂದೊಂದಾಗಿ ಮತ್ತೆ ಆನ್ ಮಾಡುತ್ತಾ ಬನ್ನಿ, ಕಳ್ಳ ಸಿಗುತ್ತಾನೆ. ಓವರ್‌ಕ್ಲಾಕ್ (ವೇಗ ಏರಿಸುವುದು) ಅಥವಾ ಅಂಡರ್‌ವೋಲ್ಟ್ (ವೋಲ್ಟೇಜ್ ಇಳಿಸುವುದು) ಮಾಡಿದ್ದರೆ ಅದನ್ನೂ ಮೂಲ ಸ್ಥಿತಿಗೆ ತನ್ನಿ.

ಆನ್‌ಲೈನ್ ಗೇಮ್ ಆಗಿದ್ದು ಮೌಸ್ ಬಾಣ ಮಾತ್ರ ಕಾಣುತ್ತಿದ್ದರೆ ನೆಟ್ ಮೇಲೂ ಅನುಮಾನ ಇರಲಿ. ಕಾಲೇಜು, ಹಾಸ್ಟೆಲ್, ಪಿಜಿಗಳ ನೆಟ್‌ನಲ್ಲಿ ಗೇಮ್ ಸರ್ವರ್‌ಗೆ ಹೋಗುವ ದಾರಿ ಮುಚ್ಚಿರುವುದು ಸಾಮಾನ್ಯ. ಬ್ರೌಸರ್ ಚೆನ್ನಾಗಿ ಓಡುತ್ತದೆ, ಗೇಮ್ ಮಾತ್ರ ಉತ್ತರಕ್ಕೆ ಕಾಯುತ್ತಾ ಕಪ್ಪಗೆ ನಿಲ್ಲುತ್ತದೆ. ಮೊಬೈಲ್ ಹಾಟ್‌ಸ್ಪಾಟ್ ಬೇಕಾಗುವುದು ಇಲ್ಲಿಯೇ. ಹಾಟ್‌ಸ್ಪಾಟ್‌ನಲ್ಲಿ ತೆರೆದರೆ ಪಿಸಿಯಲ್ಲಿ ದೋಷ ಇಲ್ಲ. ಅಪ್‌ಡೇಟ್ ಇಳಿಯದಂತೆ ಮೊದಲೇ ನಿಲ್ಲಿಸಿಕೊಳ್ಳಿ, ಇಲ್ಲದಿದ್ದರೆ ಆ ದಿನದ ಡೇಟಾ ಖಾಲಿ.

## ಹಂತ 6: ಫೈಲ್‌ಗಳು

ಡೌನ್‌ಲೋಡ್ ಆಗುವಾಗ ಕರೆಂಟ್ ಹೋಗುವುದು ನಮ್ಮ ಮಳೆಗಾಲದ ನಿತ್ಯದ ಸಂಗತಿ. ಆಗ ಫೈಲ್ ಅರ್ಧಕ್ಕೆ ಕೆಡಬಹುದು. ಪೂರ್ತಿ ಅಳಿಸಬೇಕಿಲ್ಲ. ಸ್ಟೀಮ್‌ನಲ್ಲಿ ಪ್ರಾಪರ್ಟೀಸ್, ಇನ್‌ಸ್ಟಾಲ್ಡ್ ಫೈಲ್ಸ್, ‘ವೆರಿಫೈ ಇಂಟೆಗ್ರಿಟಿ’ ಒತ್ತಿ. ಎಪಿಕ್‌ನಲ್ಲಿ ಗೇಮಿನ ಪಕ್ಕದ ಮೂರು ಚುಕ್ಕಿ, ಮ್ಯಾನೇಜ್, ವೆರಿಫೈ. ಕೆಟ್ಟದ್ದನ್ನು ಮಾತ್ರ ಮತ್ತೆ ಇಳಿಸುತ್ತದೆ. ಎರಡನೇ ಸಲ ವೆರಿಫೈ ಮಾಡಿದಾಗಲೂ ಕೆಟ್ಟ ಫೈಲ್ ಸಿಗುತ್ತಿದ್ದರೆ ಅದು ಎಚ್ಚರಿಕೆಯ ಗಂಟೆ: ಡಿಸ್ಕ್ ಅಥವಾ ರ‍್ಯಾಮ್ ಹಾಳಾಗುತ್ತಿರಬಹುದು. ಮುಖ್ಯವಾದ ಫೋಟೊ, ಪ್ರಾಜೆಕ್ಟ್ ಎಲ್ಲವನ್ನೂ ಮೊದಲು ಬೇರೆ ಕಡೆ ಕಾಪಿ ಮಾಡಿ.

ವೆರಿಫೈ ಮಾಡಿದರೂ ಸರಿಹೋಗದ ಒಂದು ಫೈಲ್ ಉಂಟು: ನಿಮ್ಮ ಸೆಟ್ಟಿಂಗ್ ಇರುವ ಕಾನ್ಫಿಗ್. ಅದು ಗೇಮಿನ ಜೊತೆ ಬಂದದ್ದಲ್ಲ, ನಿಮ್ಮ ಪಿಸಿಯಲ್ಲಿ ಹುಟ್ಟಿದ್ದು. ಹಾಗಾಗಿ ವೆರಿಫೈ ಅದನ್ನು ಮುಟ್ಟುವುದಿಲ್ಲ. ಗೇಮ್ ಅಳಿಸಿದರೂ ಅದು ಹಾಗೇ ಉಳಿಯುವುದುಂಟು. 100 ಜಿಬಿ ಮತ್ತೆ ಇಳಿಸಿದರೂ ಅದೇ ಕಪ್ಪು ಬರುವುದಕ್ಕೆ ದೊಡ್ಡ ಕಾರಣ ಇದೇ.

ಕಾನ್ಫಿಗ್ ಇರುವುದು ಹೆಚ್ಚಾಗಿ ಡಾಕ್ಯುಮೆಂಟ್ಸ್ ಒಳಗಿನ ‘ಮೈ ಗೇಮ್ಸ್’ ಫೋಲ್ಡರಿನಲ್ಲಿ, ಇಲ್ಲವೇ ನಿಮ್ಮ ಯೂಸರ್ ಫೋಲ್ಡರಿನ ಒಳಗೆ ಅಡಗಿರುವ ‘ಆ್ಯಪ್‌ಡೇಟಾ’ದಲ್ಲಿ. ಅಲ್ಲಿ ಲೋಕಲ್, ರೋಮಿಂಗ್ ಎರಡನ್ನೂ ನೋಡಿ. ಗೇಮಿನ ಹೆಸರಿನ ಫೋಲ್ಡರ್ ಸಿಕ್ಕರೆ ಅಳಿಸಬೇಡಿ, ಹೆಸರಿನ ಮುಂದೆ ‘ಹಳೆಯದು’ ಎಂದು ಸೇರಿಸಿ. ಸೇವ್ ಫೈಲ್ ಕೂಡ ಅಲ್ಲೇ ಇರಬಹುದು. ತಿಂಗಳುಗಟ್ಟಲೆ ಆಡಿದ್ದು ಒಂದು ಡಿಲೀಟ್‌ನಲ್ಲಿ ಹೋದರೆ ಯಾರೂ ವಾಪಸ್ ಕೊಡುವುದಿಲ್ಲ. ಹೆಸರು ಬದಲಿಸುವ ಮೊದಲು ಆ ಗೇಮಿಗೆ ಸ್ಟೀಮ್ ಕ್ಲೌಡ್ (ಸೇವ್ ಫೈಲ್‌ಗಳನ್ನು ನೆಟ್‌ನಲ್ಲಿ ಇಟ್ಟುಕೊಳ್ಳುವ ಸೌಲಭ್ಯ) ಆಫ್ ಮಾಡಿ. ಕೆಲವು ಗೇಮ್‌ಗಳಲ್ಲಿ ಕ್ಲೌಡ್ ಅದೇ ಕೆಟ್ಟ ಸೆಟ್ಟಿಂಗನ್ನು ಮತ್ತೆ ತಂದುಹಾಕುತ್ತದೆ.

ಗೇಮ್‌ಗೆ ಡಾಕ್ಯುಮೆಂಟ್ಸ್‌ನಲ್ಲಿ ಬರೆಯಲು ಬಿಡದಿದ್ದರೂ ಕಪ್ಪು ಬರುತ್ತದೆ. ವಿಂಡೋಸ್ ಸೆಕ್ಯುರಿಟಿಯಲ್ಲಿ ‘ಕಂಟ್ರೋಲ್ಡ್ ಫೋಲ್ಡರ್ ಆಕ್ಸೆಸ್’ ಆನ್ ಇದೆಯಾ ನೋಡಿ. ಇದ್ದರೆ ಗೇಮಿನ ಫೈಲನ್ನು ಅನುಮತಿ ಪಟ್ಟಿಗೆ ಸೇರಿಸಿ. ಪ್ರೊಟೆಕ್ಷನ್ ಹಿಸ್ಟರಿಯಲ್ಲಿ ಗೇಮಿನ ಯಾವುದಾದರೂ ಫೈಲ್ ಕ್ವಾರಂಟೈನ್ ಆಗಿದೆಯಾ ಅದನ್ನೂ ನೋಡಿ. ಆ್ಯಂಟಿವೈರಸ್ ಪೂರ್ತಿ ಆಫ್ ಮಾಡಿ ಹಾಗೇ ಬಿಡುವುದು ಬೇಡ.

ನಮ್ಮವರಿಗೇ ಬರುವ ಒಂದು ವಿಶೇಷ ತೊಂದರೆ ಇದೆ. ವಿಂಡೋಸ್ ಹಾಕುವಾಗ ಯೂಸರ್ ಹೆಸರನ್ನು ಕನ್ನಡದಲ್ಲಿ ಬರೆದಿದ್ದರೆ ಯೂಸರ್ ಫೋಲ್ಡರಿನ ಹೆಸರೂ ಕನ್ನಡದಲ್ಲೇ ಇರುತ್ತದೆ. ಕೆಲವು ಗೇಮ್‌ಗಳಿಗೆ, ಅದರಲ್ಲೂ ಹಳೆಯವಕ್ಕೆ, ಆ ದಾರಿ ಓದಲು ಬರುವುದಿಲ್ಲ. ಬೇಜಾರಾಗುತ್ತದೆ, ಏನು ಮಾಡುವುದು. ಸೆಟ್ಟಿಂಗ್ಸ್‌ನಲ್ಲಿ ಹೆಸರು ಬದಲಿಸಿದರೆ ಸಾಲದು, ಫೋಲ್ಡರ್ ಹಳೆಯದೇ ಉಳಿಯುತ್ತದೆ. ಇಂಗ್ಲಿಷ್ ಅಕ್ಷರದಲ್ಲಿ ಇನ್ನೊಂದು ಯೂಸರ್ ಮಾಡಿ ಅದರಲ್ಲಿ ಗೇಮ್ ತೆರೆದು ನೋಡಿ.

ಇನ್ನು ವಿಷುಯಲ್ ಸಿ++ ರನ್‌ಟೈಮ್, ಅಂದರೆ ಎಷ್ಟೋ ಗೇಮ್ ಓಡಲು ಬೇಕಾದ ಮೈಕ್ರೋಸಾಫ್ಟ್ ಫೈಲ್‌ಗಳು. ಮೈಕ್ರೋಸಾಫ್ಟ್ ತಾಣದಿಂದ ಎಕ್ಸ್64, ಎಕ್ಸ್86 ಎರಡನ್ನೂ ಹಾಕಿ. ಪಿಸಿ 64 ಬಿಟ್ ಆದರೂ ಎರಡೂ ಬೇಕು. 2010ರ ಹಿಂದುಮುಂದಿನ ಹಳೆಯ ಗೇಮ್ ಆದರೆ ಡೈರೆಕ್ಟ್‌ಎಕ್ಸ್‌ನ ಜೂನ್ 2010ರ ರನ್‌ಟೈಮ್ ಕೂಡ ಹಾಕಬೇಕು. ವಿಂಡೋಸ್ 11ರಲ್ಲಿ ಡೈರೆಕ್ಟ್‌ಎಕ್ಸ್ 12 ಇದ್ದರೂ ಆ ಹಳೆಯ ಫೈಲ್‌ಗಳು ತಾವಾಗಿ ಬರುವುದಿಲ್ಲ.

## ಹಂತ 7: ಡ್ರೈವರ್

ನಿನ್ನೆ ತನಕ ಸರಿಯಿದ್ದು, ಡ್ರೈವರ್ ಅಪ್‌ಡೇಟ್ ಆದ ನಂತರ ಕಪ್ಪಾಗಿದ್ದರೆ ಹಿಂದಿನ ಡ್ರೈವರಿಗೆ ಹೋಗಿ. ಡಿವೈಸ್ ಮ್ಯಾನೇಜರ್‌ನಲ್ಲಿ ಕಾರ್ಡಿನ ಪ್ರಾಪರ್ಟೀಸ್ ತೆರೆದರೆ ‘ರೋಲ್ ಬ್ಯಾಕ್ ಡ್ರೈವರ್’ ಸಿಗುತ್ತದೆ. ಹೊಸ ಗೇಮ್ ಮಾತ್ರ ಕಪ್ಪು, ಹಳೆಯವು ಓಡುತ್ತಿವೆ ಎಂದರೆ ಹೊಸ ಡ್ರೈವರ್ ಬೇಕು.

ಹಾಕುವಾಗ ಎನ್‌ವಿಡಿಯಾದಲ್ಲಿ ‘ಕ್ಲೀನ್ ಇನ್‌ಸ್ಟಾಲೇಶನ್’, ಎಎಂಡಿಯಲ್ಲಿ ‘ಫ್ಯಾಕ್ಟರಿ ರೀಸೆಟ್’ ಗುರುತು ಹಾಕಿ. ಬಹುಪಾಲು ಜನರಿಗೆ ಇಷ್ಟೇ ಸಾಕು.

ಸಾಲದಿದ್ದರೆ ಡಿಡಿಯು, ಅಂದರೆ ಡಿಸ್‌ಪ್ಲೇ ಡ್ರೈವರ್ ಅನ್‌ಇನ್‌ಸ್ಟಾಲರ್, ಹಳೆಯ ಡ್ರೈವರನ್ನು ಪೂರ್ತಿ ಅಳಿಸುವ ಸಾಫ್ಟ್‌ವೇರ್. ಇಲ್ಲಿ ಕ್ರಮ ತಪ್ಪಿದರೆ ಇಡೀ ಶ್ರಮ ನೀರುಪಾಲು.

1. ಡಿಡಿಯುವನ್ನೂ, ಕಂಪನಿಯ ತಾಣದಿಂದ ಹೊಸ ಡ್ರೈವರನ್ನೂ ಮೊದಲೇ ಇಳಿಸಿ ಇಟ್ಟುಕೊಳ್ಳಿ.

2. ವೈಫೈ ಆಫ್ ಮಾಡಿ, ಲ್ಯಾನ್ ಕೇಬಲ್ ಕಳಚಿ. ಇದನ್ನೇ ಬಹಳ ಜನ ಬಿಡುವುದು. ನೆಟ್ ಇದ್ದರೆ ನೀವು ಅಳಿಸಿದ ಕೂಡಲೇ ವಿಂಡೋಸ್ ತನಗೆ ಬೇಕಾದ ಡ್ರೈವರ್ ಎಳೆದು ಹಾಕುತ್ತದೆ.

3. ಶಿಫ್ಟ್ ಒತ್ತಿಹಿಡಿದು ರೀಸ್ಟಾರ್ಟ್ ಕೊಡಿ. ಟ್ರಬಲ್‌ಶೂಟ್, ಅಡ್ವಾನ್ಸ್ಡ್, ಸ್ಟಾರ್ಟಪ್ ಸೆಟ್ಟಿಂಗ್ಸ್ ಹೀಗೆ ಹೋಗಿ ಸೇಫ್ ಮೋಡ್ ಆಯ್ಕೆ ಮಾಡಿ. ಪಿನ್ ಬದಲು ಖಾತೆಯ ಪಾಸ್‌ವರ್ಡ್ ಕೇಳಬಹುದು. ಬರೆದಿಟ್ಟ ಬಿಟ್‌ಲಾಕರ್ ಕೀ ಬೇಕಾಗುವುದೂ ಇಲ್ಲೇ.

4. ಡಿಡಿಯುನಲ್ಲಿ ನಿಮ್ಮ ಕಾರ್ಡಿನ ಕಂಪನಿ ಆರಿಸಿ, ‘ಕ್ಲೀನ್ ಆ್ಯಂಡ್ ರೀಸ್ಟಾರ್ಟ್’ ಒತ್ತಿ.

5. ಪಿಸಿ ತೆರೆದ ಮೇಲೆ ಚಿತ್ರ ದೊಡ್ಡದಾಗಿ, ಮಸುಕಾಗಿ ಕಾಣುತ್ತದೆ. ಅದು ಸರಿಯೇ. ಡ್ರೈವರ್ ಹಾಕಿ, ರೀಸ್ಟಾರ್ಟ್ ಮಾಡಿ, ಆಮೇಲೆ ನೆಟ್ ಆನ್ ಮಾಡಿ.

ಲ್ಯಾಪ್‌ಟಾಪಿನಲ್ಲಿ ಎರಡು ಗ್ರಾಫಿಕ್ಸ್ ಇರುವುದರಿಂದ ಇಂಟೆಲ್ ಅಥವಾ ಎಎಂಡಿ ಡ್ರೈವರ್ ಕೂಡ ಹೊಸದಾಗಿರಬೇಕು. ದುಡ್ಡು ಕೇಳುವ ‘ಡ್ರೈವರ್ ಅಪ್‌ಡೇಟರ್’ ಸಾಫ್ಟ್‌ವೇರ್, ರಿಜಿಸ್ಟ್ರಿ ಕ್ಲೀನರ್ ಎರಡರ ಹತ್ತಿರವೂ ಹೋಗಬೇಡಿ. ಇವು ಇನ್ನೊಂದು ತೊಂದರೆ ತರಬಹುದು.

## ಹಂತ 8: ಕಾರ್ಡ್ ಆ ಗೇಮ್ ಹೊರುತ್ತದೆಯಾ?

ವಿಂಡೋಸ್ ಕೀ ಮತ್ತು ಆರ್ ಒತ್ತಿ, ಬರುವ ಪೆಟ್ಟಿಗೆಯಲ್ಲಿ ‘ಡಿಎಕ್ಸ್‌ಡಯಾಗ್’ (dxdiag) ಎಂದು ಇಂಗ್ಲಿಷ್‌ನಲ್ಲಿ ಬರೆದು ಎಂಟರ್ ಒತ್ತಿ. ಡಿಸ್‌ಪ್ಲೇ ಭಾಗದಲ್ಲಿ ‘ಫೀಚರ್ ಲೆವೆಲ್ಸ್’ ಸಾಲು ನೋಡಿ. ಮೇಲೆ ‘ಡೈರೆಕ್ಟ್‌ಎಕ್ಸ್ 12’ ಎಂದು ಬರೆದಿರುವುದು ವಿಂಡೋಸ್ ಕಥೆ, ಕಾರ್ಡಿನದ್ದಲ್ಲ. ಫೀಚರ್ ಲೆವೆಲ್ 12_0 ಇಲ್ಲದಿದ್ದರೆ ಎಷ್ಟೋ ಹೊಸ ಗೇಮ್ ತೆರೆಯುವುದೇ ಇಲ್ಲ. ಹಳೆಯ ಪಿಸಿಗಳಲ್ಲಿ ಈಗಲೂ ಕಾಣುವ ಜಿಟಿ 710 ಇಂಥದ್ದು. ಈ ಕೆಪ್ಲರ್ ತಲೆಮಾರಿನ ಡೆಸ್ಕ್‌ಟಾಪ್ ಕಾರ್ಡುಗಳಿಗೆ ಹೊಸ ಗೇಮ್ ಡ್ರೈವರ್ ಕೊಡುವುದನ್ನು ಎನ್‌ವಿಡಿಯಾ 2021ರಲ್ಲೇ ನಿಲ್ಲಿಸಿದೆ. ರೇ ಟ್ರೇಸಿಂಗ್ (ಬೆಳಕನ್ನು ನಿಜದಂತೆ ಲೆಕ್ಕಹಾಕಿ ತೋರಿಸುವ ಸೌಲಭ್ಯ) ಇಲ್ಲದ ಕಾರ್ಡಿನಲ್ಲಿ ತೆರೆಯದ ಗೇಮ್‌ಗಳೂ ಬಂದಿವೆ. ಇಲ್ಲಿ ಯಾವ ಸೆಟ್ಟಿಂಗೂ ಕೆಲಸಕ್ಕೆ ಬಾರದು, ದುಡ್ಡು ವಾಪಸ್ ಕೇಳುವುದೇ ಸರಿ.

## ಹಂತ 9: ಬಿಸಿ, ಕರೆಂಟ್, ಉಪ್ಪುಗಾಳಿ

ಗೇಮ್ ತೆರೆದ ಕ್ಷಣದಲ್ಲೇ ಕಪ್ಪಾದರೆ ಕಾರಣ ಬಿಸಿ ಅಲ್ಲ. ಹತ್ತಿಪ್ಪತ್ತು ನಿಮಿಷ ಆಡಿದ ಮೇಲೆ ಕಪ್ಪಾದರೆ ಬಿಸಿಯ ಮೇಲೆ ಮೊದಲ ಅನುಮಾನ. ಟಾಸ್ಕ್ ಮ್ಯಾನೇಜರ್‌ನಲ್ಲೇ ಜಿಪಿಯು ಉಷ್ಣತೆ ಕಾಣುತ್ತದೆ. ಡೆಸ್ಕ್‌ಟಾಪ್ ಕಾರ್ಡ್ 85 ಡಿಗ್ರಿ ದಾಟಿ ಇನ್ನೂ ಏರುತ್ತಿದ್ದರೆ ಫ್ಯಾನ್, ದೂಳು ನೋಡಿ.

ಪಿಸಿ ಆರಿ ರೀಸ್ಟಾರ್ಟ್ ಆಗುತ್ತಿದ್ದರೆ ಮೊದಲು ಯುಪಿಎಸ್ ಬಿಟ್ಟು ಸೀದಾ ಗೋಡೆಯ ಪ್ಲಗ್ಗಿಗೆ ಹಾಕಿ ನೋಡಿ. 600 ವಿಎ ಎಂದು ಬರೆದ ಯುಪಿಎಸ್‌ಗಳಲ್ಲಿ ಹೆಚ್ಚಿನವು ಹೊರುವುದು 360 ವಾಟ್ ಆಸುಪಾಸು. ಬ್ರೌಸರ್ ತೆರೆದಾಗ ಸಾಕಾಗುವುದು ಗೇಮ್ ತೆರೆದಾಗ ಸಾಲುವುದಿಲ್ಲ. ಗೋಡೆಯ ಪ್ಲಗ್ಗಿನಲ್ಲೂ ಹಾಗೇ ಆದರೆ ಪವರ್ ಸಪ್ಲೈ ಬದಲಿಸಿ ಪರೀಕ್ಷಿಸಬೇಕು. ಕಾರ್ಡಿಗೆ ಹೋಗುವ ಪವರ್ ಕನೆಕ್ಟರ್ ಪೂರ್ತಿ ಒಳಗೆ ಕೂತಿದೆಯಾ ಅದನ್ನೂ ನೋಡಿ. ಸುಟ್ಟ ವಾಸನೆ ಬಂದರೆ, ಕನೆಕ್ಟರ್ ಕಂದು ಬಣ್ಣಕ್ಕೆ ತಿರುಗಿದ್ದರೆ ಮತ್ತೆ ಆನ್ ಮಾಡಬೇಡಿ.

ಕರಾವಳಿಯಲ್ಲಿ ಇನ್ನೆರಡು ಸಂಗತಿ. ಒಂದು, ತೇವ. ಜೂನ್‌ನಿಂದ ಸೆಪ್ಟೆಂಬರ್ ತನಕ ಮುಚ್ಚಿದ ಕೋಣೆಯಲ್ಲಿ ವಾರಗಟ್ಟಲೆ ಆಫ್ ಇಟ್ಟ ಪಿಸಿಯಲ್ಲಿ ರ‍್ಯಾಮ್ ಮತ್ತು ಕಾರ್ಡಿನ ಚಿನ್ನದ ಬಣ್ಣದ ಅಂಚು ಮಂಕಾಗಬಹುದು. ಮಲ್ಪೆ, ಪಣಂಬೂರಿನಂತೆ ಕಡಲ ಬದಿಯ ಮನೆಯಾದರೆ ಉಪ್ಪುಗಾಳಿಯೂ ಸೇರಿಕೊಳ್ಳುತ್ತದೆ. ಪ್ಲಗ್ ತೆಗೆದು, ಪವರ್ ಬಟನ್ ಹತ್ತು ಸೆಕೆಂಡ್ ಒತ್ತಿಹಿಡಿದು ಬಿಟ್ಟು, ಕೈಯನ್ನು ಕೇಸಿನ ಬಣ್ಣವಿಲ್ಲದ ಲೋಹಕ್ಕೆ ಮುಟ್ಟಿಸಿ. ನಂತರ ರ‍್ಯಾಮ್, ಕಾರ್ಡ್ ಹೊರತೆಗೆದು ಅಂಚನ್ನು ಐಸೊಪ್ರೊಪೈಲ್ ಆಲ್ಕೋಹಾಲ್ ತಾಗಿಸಿದ ಮೆತ್ತನೆ ಬಟ್ಟೆಯಿಂದ ಒರೆಸಿ. ಪೂರ್ತಿ ಒಣಗಿದ ಮೇಲೆ ಟಕ್ ಎನ್ನುವ ತನಕ ಕೂರಿಸಿ. ಬಾಯಿಯಿಂದ ಊದಬೇಡಿ, ಉಗುಳಿನ ಹನಿ ಹೋಗುತ್ತದೆ. ಪಿಸಿ ಗೋಡೆಗೆ ಒತ್ತಿಕೊಂಡಿರಬಾರದು. ಮಳೆಗಾಲದಲ್ಲಿ ದಿನಕ್ಕೊಮ್ಮೆಯಾದರೂ ಸ್ವಲ್ಪ ಹೊತ್ತು ಆನ್ ಮಾಡಿದರೆ ಒಳ್ಳೆಯದು.

ಇನ್ನೊಂದು, ಸಿಡಿಲು. ಏಪ್ರಿಲ್, ಮೇ ಸಂಜೆಯ ಮಳೆ, ಮತ್ತೆ ಅಕ್ಟೋಬರ್‌ನ ಗುಡುಗು. ಪವರ್ ಪ್ಲಗ್ ಕಳಚಿದವರೂ ರೂಟರಿನಿಂದ ಬರುವ ಲ್ಯಾನ್ ಕೇಬಲ್, ಟಿವಿಗೆ ಹೋಗುವ ಎಚ್‌ಡಿಎಂಐ ಕೇಬಲ್ ಮರೆಯುತ್ತಾರೆ. ಎಚ್‌ಡಿಎಂಐ ಕೇಬಲ್ ಮೂಲಕ ಬಂದ ಹೊಡೆತಕ್ಕೆ ಎಚ್‌ಡಿಎಂಐ ಪೋರ್ಟ್ ಮಾತ್ರ ಸಾಯುವುದುಂಟು. ಹಾಗಾಗಿ ಕಾರ್ಡ್ ಹೋಯಿತು ಎನ್ನುವ ಮೊದಲು ಅದೇ ಕಾರ್ಡಿನ ಬೇರೆ ಪೋರ್ಟು, ಬೇರೆ ಕೇಬಲ್ ಹಾಕಿ ನೋಡಿ.

## ಅಂಗಡಿಗೆ ಒಯ್ಯುವುದಾದರೆ

ಹಂತ 9ರ ತನಕ ಬಂದೂ ಒಂದೇ ಗೇಮ್ ಮಾತ್ರ ಕಪ್ಪು, ಉಳಿದವೆಲ್ಲ ಓಡುತ್ತಿವೆ ಎಂದರೆ ಅಂಗಡಿಗೆ ಹೋಗುವುದು ದಂಡ. ಅದು ಗೇಮ್ ಮಾಡಿದವರೇ ಪ್ಯಾಚ್ ಕೊಟ್ಟು ಸರಿಪಡಿಸಬೇಕಾದ ದೋಷ ಇರಬಹುದು.

ಎಲ್ಲ ಗೇಮೂ ಕಪ್ಪಾದರೆ ಒಯ್ಯಿರಿ. ಮಂಗಳೂರಿನ ಹಂಪನಕಟ್ಟೆಯ ಅಂಗಡಿಯಾಗಲಿ, ಉಡುಪಿಯದ್ದಾಗಲಿ, ‘ಗೇಮ್ ಬರ್ತಾ ಇಲ್ಲ’ ಎಂದಷ್ಟೇ ಹೇಳಿದರೆ ಅವರು ಮಾಡುವುದು ಫಾರ್ಮ್ಯಾಟ್. ನೀವು ಬರೆದಿಟ್ಟ ಚೀಟಿ ಕೊಡಿ: ಯಾವ ಬಗೆಯ ಕಪ್ಪು, ಈವೆಂಟ್ ವ್ಯೂವರ್‌ನಲ್ಲಿ ಕಂಡ ಸಂಖ್ಯೆ, ಯುಪಿಎಸ್ ಇಲ್ಲದೆ ಹಾಕಿದಾಗ ಏನಾಯಿತು, ಬೇರೆ ಪೋರ್ಟ್ ಹಾಕಿದಾಗ ಏನಾಯಿತು. ಬೇರೆ ಪವರ್ ಸಪ್ಲೈ, ಬೇರೆ ಕಾರ್ಡ್ ಒಂದೊಂದಾಗಿ ಹಾಕಿ ನಿಮ್ಮೆದುರೇ ಗೇಮ್ ತೆರೆದು ತೋರಿಸಲು ಕೇಳಿ. ನಿಮ್ಮ ಕಾರ್ಡಿನ ಸೀರಿಯಲ್ ನಂಬರಿನ ಫೋಟೊ ಬಿಟ್ಟುಬರುವ ಮೊದಲೇ ತೆಗೆದುಕೊಳ್ಳಿ. ವಾರಂಟಿ ಉಳಿದಿದ್ದರೆ ಕಾರ್ಡನ್ನು ಬಿಚ್ಚಿ ಒಳಗಿನ ಬಿಸಿ ಸಾಗಿಸುವ ಪೇಸ್ಟ್ ಬದಲಿಸಲು ಒಪ್ಪಬೇಡಿ, ಮೊದಲು ಕಂಪನಿಯ ಸರ್ವಿಸ್ ಸೆಂಟರಿಗೆ ಕಳಿಸಲು ಹೇಳಿ.